ಭೋರ್‌ನ ನೀರಿಗೆ ಮೀನುಮರಿ ಬಿಡಲು ಹೊರಟ ಗೆಳೆಯರಿಗೆ

ಶನಿವಾರ ನಸುಕಿನಲ್ಲೇ ಗಾಳದ ಕೋಲು, ಹಿಟ್ಟಿನ ಉಂಡೆಯ ಡಬ್ಬಿ, ಚಹಾದ ಫ್ಲಾಸ್ಕು ಕಾರಿಗೆ ಹಾಕಿಕೊಂಡು ಭೋರ್ ದಾರಿ ಹಿಡಿಯುವ ಪುಣೆಯ ಕನ್ನಡಿಗರಿಗೆ ನಮಸ್ಕಾರ.

ನಿಮ್ಮಲ್ಲಿ ಹಲವರನ್ನು ನಾನು ಬಲ್ಲೆ. ಸಾತಾರಾ ರಸ್ತೆಯಲ್ಲಿ ಕಾಪೂರ್‌ಹೋಳದ ಹತ್ತಿರ ಹೆದ್ದಾರಿ ಬಿಟ್ಟು ಬಲಕ್ಕೆ ಹೊರಳಿದರೆ ಮುಂದಿನ ದಾರಿಯೆಲ್ಲ ನಿಮಗೆ ಬಾಯಿಪಾಠ. ಭಾಟಘರ್ ಹಿನ್ನೀರಿನ ಯಾವ ಮೂಲೆಯಲ್ಲಿ ನೆರಳುಂಟು, ಯಾವ ದಂಡೆಯಲ್ಲಿ ಮಧ್ಯಾಹ್ನವೂ ಮೀನು ಕಚ್ಚುತ್ತದೆ ಎಂದು ಕಣ್ಣುಮುಚ್ಚಿ ಹೇಳಬಲ್ಲಿರಿ. ನಿಮ್ಮೊಳಗೆ ಧಾರವಾಡದವರಿದ್ದೀರಿ, ವಿಜಯಪುರ, ಕಲಬುರಗಿಯವರಿದ್ದೀರಿ, ಕೊಡಗಿನವರೂ ಇದ್ದೀರಿ. ಹಿಡಿದ ಮೀನಿನ ಬಾಯಿಯಿಂದ ಗಾಳ ಬಿಡಿಸಿ ಮತ್ತೆ ನೀರಿಗೆ ಬಿಡುವ ಶಿಸ್ತು ನಿಮ್ಮಲ್ಲಿ ಅನೇಕರಿಗಿದೆ. ನೀರಿನ ದಂಡೆಯಲ್ಲಿ ಬಾಟಲಿ ಒಡೆಯುವವರ ಗುಂಪು ನಿಮ್ಮದಲ್ಲ. ಹಾಗಾಗಿಯೇ ಈ ಪತ್ರ ನಿಮಗೆ.

ಈಚೆಗೆ ನಿಮ್ಮ ನಡುವೆ ಒಂದು ಮಾತು ಓಡಾಡುತ್ತಿದೆ. ಇಷ್ಟು ವರ್ಷ ಈ ನೀರಿನಿಂದ ಪಡೆದಿದ್ದೇವೆ, ಈ ಮಳೆಗಾಲ ಎಲ್ಲರೂ ಹಣ ಹಾಕಿ ಮೀನುಮರಿ ತಂದು ಹಿನ್ನೀರಿಗೂ ಮೇಲಿನ ಹಳ್ಳಗಳಿಗೂ ಬಿಡೋಣ, ಸಾಧ್ಯವಾದರೆ ಮಹಶೀರ್ ಮರಿಯನ್ನೇ ತರೋಣ ಎಂಬ ಮಾತು. ಇದರ ಹಿಂದಿನ ಮನಸ್ಸು ಒಳ್ಳೆಯದು, ಅದರಲ್ಲಿ ನನಗೆ ಅನುಮಾನವಿಲ್ಲ. ಆದರೂ ಕೈಮುಗಿದು ಕೇಳುತ್ತೇನೆ: ದಯವಿಟ್ಟು ಬಿಡಬೇಡಿ. ಒಂದು ಮರಿಯನ್ನೂ ಬಿಡಬೇಡಿ. ಏಕೆ ಎಂಬುದನ್ನು ಸಾವಕಾಶವಾಗಿ ಹೇಳಬೇಕಾಗಿದೆ. ಅದಕ್ಕೆ ನೀರಾ ನದಿಯ ಜೊತೆ ಕಾವೇರಿಯ ಕಥೆಯನ್ನೂ ಹೇಳಬೇಕು.

ನಾನು ಭೀಮಾ ತೀರದವನು. ಪ್ರತಿ ಮಳೆಗಾಲ ಕಲಬುರಗಿ, ವಿಜಯಪುರದ ಪತ್ರಿಕೆಗಳಲ್ಲಿ ಒಂದು ಸುದ್ದಿ ತಪ್ಪದೆ ಬರುತ್ತದೆ: ಉಜನಿ ಮತ್ತು ವೀರ್ ಜಲಾಶಯಗಳಿಂದ ಭೀಮಾ ನದಿಗೆ ನೀರು, ನದಿ ತೀರದ ಜನರಿಗೆ ಎಚ್ಚರಿಕೆ. ಉಜನಿ ಎಲ್ಲರಿಗೂ ಗೊತ್ತು. ಈ ವೀರ್ ಯಾವುದು ಎಂದು ಅಫಜಲಪುರದಲ್ಲಿ ಹತ್ತು ಜನರನ್ನು ಕೇಳಿದರೆ ಎಂಟು ಜನಕ್ಕೆ ಗೊತ್ತಿರಲಿಕ್ಕಿಲ್ಲ. ಅದು ನೀರಾ ನದಿಯ ಮೇಲಿನ ಕಟ್ಟೆ, ಭೋರ್‌ನಿಂದ ಕೆಳಗಿದೆ. ಭೋರ್ ತಾಲೂಕಿನ ಭಾಟಘರ್ ಮತ್ತು ನೀರಾ ದೇವಘರ್, ಪಕ್ಕದ ಗುಂಜವಣಿ, ಈ ಮೂರೂ ತುಂಬಿದ ಮೇಲೆ ಹೆಚ್ಚಾದ ನೀರು ವೀರ್‌ಗೆ ಬರುತ್ತದೆ. ಅಲ್ಲಿಂದ ಬಿಟ್ಟದ್ದು ನೀರಾ ನರಸಿಂಗಪುರದಲ್ಲಿ ಭೀಮೆಗೆ ಕೂಡಿ, ಪಂಢರಪುರದ ವಿಠ್ಠಲನ ಮುಂದೆ ಹಾದು, ಇಂಡಿ, ಅಫಜಲಪುರ, ದೇವಲ ಗಾಣಗಾಪುರ, ಸನ್ನತಿ ದಾಟಿ ರಾಯಚೂರಿನ ಬಳಿ ಕೃಷ್ಣೆಗೆ ಸೇರುತ್ತದೆ. ವರಂಧ ಘಾಟಿನ ನೆತ್ತಿಯಲ್ಲಿ ಬಿದ್ದ ಮಳೆ ಗಾಣಗಾಪುರದ ಸಂಗಮದಲ್ಲಿ ನಮ್ಮವರ ತಲೆಯ ಮೇಲೆ ಬೀಳುತ್ತದೆ. ನೀವು ಭೋರ್‌ನಲ್ಲಿ ಏನನ್ನು ನೀರಿಗೆ ಬಿಡುತ್ತೀರೋ ಅದು ಭೋರ್‌ನಲ್ಲೇ ಉಳಿಯುವುದಿಲ್ಲ ಎಂಬುದಕ್ಕೆ ಇಷ್ಟು ಸಾಕು.

ಭೋರ್ ನಿಮ್ಮಲ್ಲಿ ಹಲವರಿಗೆ ಬರೀ ಹಿನ್ನೀರು. ಅದು ಒಂದು ಕಾಲದಲ್ಲಿ ಪಂತ ಸಚಿವರ ಸಂಸ್ಥಾನ. ಛತ್ರಪತಿ ರಾಜಾರಾಮನ ಕಾಲದಲ್ಲಿ ಹುಟ್ಟಿ 1948ರಲ್ಲಿ ಮುಂಬಯಿ ಪ್ರಾಂತಕ್ಕೆ ಸೇರಿದ್ದು. ರೋಹಿಡಾ, ರಾಯರೇಶ್ವರ, ಕೇಂಜಳಗಡ ಇಲ್ಲಿಯವೇ. ಬಾಜಿಪ್ರಭು ದೇಶಪಾಂಡೆಯ ಶಿಂದ್ ಗ್ರಾಮ ಇದೇ ಹಿರಡಸ ಮಾವಳದಲ್ಲಿದೆ. ಕೋಟೆಗಳ ಮಾತು ಬರೆಯಲು ಬೇರೆಯವರಿದ್ದಾರೆ. ನನಗೆ ಬೇಕಾದದ್ದು ಆ ಕೋಟೆಗಳ ಬುಡದಲ್ಲಿ ಹರಿಯುವ ಹಳ್ಳಗಳು. ನೀರಾ ಹುಟ್ಟುವುದು ಪಶ್ಚಿಮದ ಅಂಚಿನಲ್ಲಿ, ಶಿರಗಾವ್ ಹತ್ತಿರ. ವೇಳವಂಡಿ ಅದರ ಉಪನದಿ, ಆ ವೇಳವಂಡಿಗೆ ಅಡ್ಡಲಾಗಿ ನಿಂತದ್ದೇ ಭಾಟಘರ್. 19ನೇ ಶತಮಾನದ ಕೊನೆಗೆ ಲೇಕ್ ವೈಟಿಂಗ್ ಎಂಬ ಹೆಸರಿನ ಕಟ್ಟೆ ಇತ್ತು. 1920ರ ದಶಕದ ಕೊನೆಗೆ ಅದರ ಜಾಗದಲ್ಲಿ ಲಾಯ್ಡ್ ಅಣೆಕಟ್ಟೆ ಎದ್ದಿತು. ಈಗ ಅದರಲ್ಲಿ ಸುಮಾರು 23.5 ಟಿಎಂಸಿ ನೀರು ನಿಲ್ಲುತ್ತದೆ, ನೀರಾ ದೇವಘರ್‌ನಲ್ಲಿ ಸುಮಾರು 11.7. ಬಾರಾಮತಿ, ಇಂದಾಪುರ, ಫಲಟಣದ ಕಬ್ಬು ಕುಡಿಯುವುದು ಈ ನೀರನ್ನೇ. ಮಳೆ ಬಂದಾಗ ದೇವಘರ್, ಭಾಟಘರ್ ತುಂಬಿತೇ ಎಂದು ಪುಣೆ ಜಿಲ್ಲೆಯ ದಕ್ಷಿಣದ ಇಡೀ ಭಾಗ ಕಾದು ಕೂರುತ್ತದೆ.

ಈ ನಾಡಿನ ನೀರಾವರಿಯಲ್ಲಿ ನಮ್ಮ ವಿಶ್ವೇಶ್ವರಯ್ಯನವರ ಕೈಯೂ ಇದೆ ಎಂಬುದನ್ನು ಮರೆಯಲಾಗದು. ಅವರು ಪುಣೆಯಲ್ಲೇ ಎಂಜಿನಿಯರಿಂಗ್ ಓದಿ, ಮುಂಬಯಿ ಪ್ರಾಂತದ ಲೋಕೋಪಯೋಗಿ ಇಲಾಖೆ ಸೇರಿ, ಖಡಕವಾಸಲಾದ ಕಟ್ಟೆಗೆ ತಾವೇ ರೂಪಿಸಿದ ಸ್ವಯಂಚಾಲಿತ ಗೇಟುಗಳನ್ನು 1903ರಲ್ಲಿ ಅಳವಡಿಸಿದರು. ದಖ್ಖಣದ ಕಾಲುವೆಗಳಿಗೆ ಬ್ಲಾಕ್ ಪದ್ಧತಿ ತಂದವರೂ ಅವರೇ. ನೀರನ್ನು ಅಳೆದು ಬಳಸುವುದನ್ನು ಈ ಸೀಮೆಗೆ ಕಲಿಸಿದ ಕನ್ನಡಿಗರ ಸಾಲಿನಲ್ಲಿ ಅವರು ಮೊದಲಿಗರು. ನೀರಿನೊಳಗಿನ ಜೀವವನ್ನು ಅಳೆಯುವ ಕೆಲಸ ಆ ಕಾಲದ ಎಂಜಿನಿಯರುಗಳ ಲೆಕ್ಕದಲ್ಲಿ ಇರಲಿಲ್ಲ.

ಮೇ ತಿಂಗಳಲ್ಲಿ ನೀವು ಹಿನ್ನೀರಿಗೆ ಹೋದರೆ ವೇಳವಂಡ್ ಗ್ರಾಮದ ಹತ್ತಿರ ಕಾಂಬರೇಶ್ವರ ಗುಡಿ ಕಾಣುತ್ತದೆ. ವರ್ಷದ ಬಹುಭಾಗ ಅದು ನೀರಿನೊಳಗೇ ಇರುತ್ತದೆ. ಬೇಸಿಗೆಯ ಕೊನೆಗೆ ಜಲಾಶಯ ತಳ ಕಂಡಾಗ ಮೊದಲು ಮೇಲುಭಾಗ, ಆಮೇಲೆ ಗೋಡೆ, ಕಡೆಗೆ ಅಂಗಳ ಹೊರಬರುತ್ತದೆ. ಪಾಂಡವರು ಕಟ್ಟಿದ್ದು ಎಂದು ಸುತ್ತಲಿನವರು ನಂಬುತ್ತಾರೆ. ಕಲ್ಲಿಗೆ ಮೆತ್ತಿದ ಕೆಸರು ಒಣಗಿ ಬಿರುಕು ಬಿಟ್ಟಿರುತ್ತದೆ. ನೀರಿಳಿದ ಮೇಲೆ ಊರಿನವರು ಬಂದು ಗರ್ಭಗುಡಿಯ ಹೂಳು ತೆಗೆದು ಪೂಜೆ ಮಾಡುತ್ತಾರೆ. ಮತ್ತೆ ಜುಲೈನ ಮಳೆಗೆ ಗುಡಿ ಒಳಗೆ ಹೋಗುತ್ತದೆ. ಆ ಗುಡಿಯ ಸುತ್ತ ಹಿಂದೆ ಹೊಲಗಳಿದ್ದವು, ಎತ್ತುಗಳು ನೀರು ಕುಡಿಯುತ್ತಿದ್ದ ನದಿಯ ಮಡು ಇತ್ತು. ಗುಡಿ ಮುಳುಗಿದ್ದನ್ನು ಎಲ್ಲರೂ ನೋಡುತ್ತಾರೆ, ಫೋಟೋ ತೆಗೆಯುತ್ತಾರೆ. ಅದೇ ಜಾಗದಲ್ಲಿ ಒಂದು ನದಿಯೂ ಮುಳುಗಿದೆ ಎಂಬುದು ಯಾರ ಫೋಟೋದಲ್ಲೂ ಬರುವುದಿಲ್ಲ. ಮೊಣಕಾಲುದ್ದದ ಹರಿವಿನಲ್ಲಿ ಜಲ್ಲಿಕಲ್ಲಿನ ಮೇಲೆ ಮೊಟ್ಟೆ ಇಡುತ್ತಿದ್ದ ಮೀನಿಗೆ ನೂರು ಅಡಿ ಆಳದ ನಿಂತ ನೀರು ಕೊಟ್ಟರೆ ಅದು ಏನು ಮಾಡಬೇಕು?

ಹಾಗಾದರೆ ಆ ಮೀನುಗಳು ಈಗ ಎಲ್ಲಿವೆ? ಕೆಲವು ಮೇಲೆ ಹೋಗಿವೆ. ಹಿನ್ನೀರು ಮುಗಿದು ಹಳ್ಳ ಶುರುವಾಗುವ ಕಡೆ, ಹಿರಡೋಶಿ ಕಣಿವೆಯ ಕಲ್ಲುಬಂಡೆಗಳ ನಡುವೆ, ಬೇಸಿಗೆಯಲ್ಲೂ ಬತ್ತದ ಮಡುಗಳಲ್ಲಿ ಉಳಿದಿವೆ. ನೀವು ಮರಿ ಬಿಡಲು ಆರಿಸಿಕೊಂಡಿರುವ ಹಳ್ಳಗಳು ಇವೇ ಎಂಬುದು ನನ್ನ ಸಂಕಟಕ್ಕೆ ಕಾರಣ.

ಈ ಸೀಮೆಯ ಮೀನುಗಳನ್ನು ಮೊದಲು ಶಾಸ್ತ್ರದ ಪುಸ್ತಕಕ್ಕೆ ಸೇರಿಸಿದವರು ಕರ್ನಲ್ ವಿಲಿಯಂ ಹೆನ್ರಿ ಸೈಕ್ಸ್. ಮುಂಬಯಿ ಸರ್ಕಾರಕ್ಕೆ ದಖ್ಖಣದ ಅಂಕಿಅಂಶ ಸಂಗ್ರಹಿಸಲು ಊರೂರು ತಿರುಗಿದ ಅಧಿಕಾರಿ ಅವರು. 1838ರಲ್ಲಿ ಲಂಡನ್ನಿನ ಝೂಲಾಜಿಕಲ್ ಸೊಸೈಟಿಯ ಮುಂದೆ ದಖ್ಖಣದ ಮೀನುಗಳ ಬಗ್ಗೆ ಪ್ರಬಂಧ ಮಂಡಿಸಿದರು. ಪುಣೆಯ ಪೂರ್ವಕ್ಕೆ ಮುಳಾ-ಮುಠಾ ನದಿಯಲ್ಲಿ ಸಿಕ್ಕ ದೊಡ್ಡ ಹುರುಪೆಯ ಮೀನಿಗೆ ಅವರು ಕೊಟ್ಟ ಹೆಸರು ಖುದ್ರಿ. ಇವತ್ತು ಜಗತ್ತಿನ ಗಾಳಗಾರರೆಲ್ಲ ನೀಲಿ ರೆಕ್ಕೆಯ ಮಹಶೀರ್ ಎಂದು ಕರೆಯುವ ಟಾರ್ ಖುದ್ರಿ ಅದೇ. ಕೋಲುಸ್, ಮುಸುಲ್ಲಾ, ಪೊಟೇಲ್, ಬೋಗ್ಗುಟ್, ನುಕ್ತಾ: ಇವೂ ಅವರ ಪಟ್ಟಿಯವೇ. ದಂಡೆಯ ಮೀನುಗಾರರ ಬಾಯಲ್ಲಿ ಕೇಳಿದ್ದನ್ನು ಸೈಕ್ಸ್ ಹಾಗೇ ಬರೆದುಕೊಂಡರು. ಹೆಸರು ತಿಳಿಯದ ಆ ಮೀನುಗಾರರ ಅರಿವು ಇವತ್ತಿಗೂ ಆ ಪುಸ್ತಕಗಳಲ್ಲಿ ನಿಂತಿದೆ. ನುಕ್ತಾ ಮೂತಿಯ ಮೇಲೆ ಗುಬುಟು ಇರುವ ಮೀನು, ಕೃಷ್ಣಾ ಕಣಿವೆ ಬಿಟ್ಟರೆ ಜಗತ್ತಿನ ಬೇರೆಲ್ಲೂ ಇಲ್ಲ. ಅದೂ ಈಗ ಅಳಿವಿನಂಚಿನ ಪಟ್ಟಿಯಲ್ಲಿದೆ.

ಮಹಶೀರ್ ಮೀನನ್ನು ಕೈಯಲ್ಲಿ ಹಿಡಿದವರು ಅದನ್ನು ಮರೆಯುವುದಿಲ್ಲ. ಅಂಗೈಯಗಲದ ಹುರುಪೆ, ಒಂದೊಂದೂ ಬಿಡಿಬಿಡಿಯಾಗಿ ಹೊಳೆಯುತ್ತದೆ. ದವಡೆಯಲ್ಲಿ ಹಲ್ಲಿಲ್ಲ, ಹಲ್ಲಿರುವುದು ಗಂಟಲಲ್ಲಿ. ಏಡಿ, ಬಸವನಹುಳು, ದಂಡೆಯ ಮರದಿಂದ ಬಿದ್ದ ಅತ್ತಿಹಣ್ಣು ಎಲ್ಲವನ್ನೂ ಅಲ್ಲೇ ಅರೆಯುತ್ತದೆ. ದಪ್ಪ ತುಟಿ, ಎರಡು ಜೊತೆ ಮೀಸೆ. ತಂಪಾದ, ಗಾಳಿಯಾಡುವ, ಓಡುವ ನೀರು ಬೇಕು. ಮಳೆಗಾಲದಲ್ಲಿ ಮೇಲಕ್ಕೆ ಈಜಿ ಜಲ್ಲಿಯ ತಳದಲ್ಲಿ ಕಂತುಕಂತಾಗಿ ಮೊಟ್ಟೆ ಇಡುತ್ತದೆ. ತಳದಲ್ಲಿ ಹೂಳು ತುಂಬಿದರೆ ಮೊಟ್ಟೆ ಉಸಿರುಗಟ್ಟಿ ಸಾಯುತ್ತದೆ. ಇದರ ದಾರಿಗೆ ಒಂದು ಕಟ್ಟೆ ಅಡ್ಡಬಂದರೆ ಎಷ್ಟು ಸಾವಿರ ಮರಿ ತಂದು ಸುರಿದರೂ ಅವು ದೊಡ್ಡವಾಗಿ ಮೊಟ್ಟೆ ಇಡಲು ಜಾಗವಿರುವುದಿಲ್ಲ. ಭೋರ್‌ನ ಮೀನಿನ ಕೊರತೆ ಮರಿಯ ಕೊರತೆ ಅಲ್ಲವೇ ಅಲ್ಲ.

ಈಗ ಕಾವೇರಿಗೆ ಬರುತ್ತೇನೆ.

ಶಿವನಸಮುದ್ರದ ಕೆಳಗೆ ಕಾವೇರಿ ಕಾಡೊಳಗೆ ಹರಿಯುವ ಪಟ್ಟಿಯಲ್ಲಿ, ಭೀಮೇಶ್ವರಿ, ದೊಡ್ಡಮಾಕಳಿ, ಗಾಳಿಬೋರೆಯಲ್ಲಿ, ಒಂದು ಮಹಶೀರ್ ಇತ್ತು. ತಲೆಯ ಹಿಂದೆ ಬೆನ್ನು ಗೂನಾಗಿ ಏರಿದ, ಕಿತ್ತಳೆ ಬಣ್ಣದ ಈಜುರೆಕ್ಕೆಯ, ಐವತ್ತು ಕಿಲೋ ಮೀರಿ ಬೆಳೆಯುವ ಮೀನು. 1946ರಲ್ಲಿ ಮೈಸೂರಿನ ಪ್ರಸಿದ್ಧ ಚರ್ಮಪ್ರಸಾಧಕ ವ್ಯಾನ್ ಇಂಗೆನ್ ಕುಟುಂಬದ ಡಿ ವೆಟ್ ವ್ಯಾನ್ ಇಂಗೆನ್ ಕಬಿನಿಯಲ್ಲಿ ಹಿಡಿದದ್ದು 120 ಪೌಂಡು, ಅಂದರೆ ಸುಮಾರು 54 ಕಿಲೋ. ಗಾಳದಿಂದ ಹಿಡಿದ ಮಹಶೀರ್‌ಗಳಲ್ಲಿ ಅದೇ ದಾಖಲೆ. 1873ರಲ್ಲೇ ಮಂಗಳೂರಿನಲ್ಲಿ ಅಚ್ಚಾದ ‘ದಿ ರಾಡ್ ಇನ್ ಇಂಡಿಯಾ’ ಪುಸ್ತಕದ ಮೂಲಕ ದಕ್ಷಿಣ ಕನ್ನಡದ ಕಲೆಕ್ಟರ್ ಎಚ್. ಎಸ್. ಥಾಮಸ್ ನಮ್ಮ ನದಿಗಳ ಮಹಶೀರ್‌ಗೆ ಲೋಕದಲ್ಲೆಲ್ಲ ಹೆಸರು ತಂದಿದ್ದರು. 1972ರಲ್ಲಿ ಹುಟ್ಟಿದ ವೈಲ್ಡ್‌ಲೈಫ್ ಅಸೋಸಿಯೇಷನ್ ಆಫ್ ಸೌತ್ ಇಂಡಿಯಾ ಕಾವೇರಿಯ ಒಂದು ಪಟ್ಟಿಯನ್ನು ವಹಿಸಿಕೊಂಡು ತೋಟೆ ಹೊಡೆಯುವವರಿಂದ ಕಾದಿತು. ಆ ಸಂಘದವರು, ಆಮೇಲೆ ಜಂಗಲ್ ಲಾಡ್ಜಸ್‌ನ ಶಿಬಿರಗಳವರು ಮೀನು ಹಿಡಿದು, ತೂಕ ಬರೆದು, ಬಿಡುವ ಪದ್ಧತಿ ಬೆಳೆಸಿದರು. ಒಳ್ಳೆಯ ಕೆಲಸ, ಇಂದಿಗೂ ಗೌರವಿಸಬೇಕಾದದ್ದು.

ಅದೇ ಕಾಲಕ್ಕೆ ಇತ್ತ ನಮ್ಮ ಲೋಣಾವಳದಲ್ಲಿ ಇನ್ನೊಂದು ಒಳ್ಳೆಯ ಕೆಲಸ ನಡೆದಿತ್ತು. ಟಾಟಾ ವಿದ್ಯುತ್ ಕಂಪನಿಯ ವಳವಣ ಕೆರೆಯ ದಂಡೆಯಲ್ಲಿ ಮಹಶೀರ್ ಮೊಟ್ಟೆ ಹಿಂಡಿ, ಕೃತಕವಾಗಿ ಮರಿ ಮಾಡುವ ವಿದ್ಯೆ 1970ರ ದಶಕದಲ್ಲಿ ಕೈಗೂಡಿತು. ನಶಿಸುತ್ತಿದೆ ಎಂದುಕೊಂಡಿದ್ದ ಮೀನಿನ ಮರಿ ಲಕ್ಷಗಟ್ಟಲೆ ಹುಟ್ಟಿತು. ದೇಶದ ಹಲವು ನದಿ, ಕೆರೆಗಳಿಗೆ ಹೋಯಿತು. ಕಾವೇರಿಗೂ ಬಂತು. ಮೀನಿನ ಸಂತತಿ ಹೆಚ್ಚಲಿ ಎಂಬುದೇ ಎಲ್ಲರ ಆಸೆ. ಮಹಶೀರ್ ಎಂದರೆ ಮಹಶೀರ್, ಎಲ್ಲವೂ ಒಂದೇ ಎಂದು ಆಗ ಎಲ್ಲರೂ ತಿಳಿದಿದ್ದರು. ಕಾವೇರಿಯ ಗೂನು ಮೀನಿಗೆ ಆಗಿನ್ನೂ ಶಾಸ್ತ್ರದಲ್ಲಿ ತನ್ನದೇ ಎಂಬ ಹೆಸರಿರಲಿಲ್ಲ. ಲೋಣಾವಳದಿಂದ ಹೋದದ್ದು ನೀಲಿ ರೆಕ್ಕೆಯ ಖುದ್ರಿ, ಕೃಷ್ಣಾ ಕಣಿವೆಯ ಮೀನು, ನಮ್ಮ ಪುಣೆ ಸೀಮೆಯ ಮೀನು.

ಗಾಳಗಾರರ ದಿನಚರಿ ಪುಸ್ತಕಗಳು ಮುಂದಿನ ಕಥೆ ಹೇಳಿದವು. 1998ರಿಂದ 2012ರವರೆಗೆ ಗಾಳಿಬೋರೆಯಲ್ಲಿ ಹಿಡಿದು ಬಿಟ್ಟ ಆರು ಸಾವಿರಕ್ಕೂ ಹೆಚ್ಚು ಮಹಶೀರ್‌ಗಳ ದಾಖಲೆಯನ್ನು ಬ್ರಿಟನ್ನಿನ ಏಡ್ರಿಯನ್ ಪಿಂಡರ್, ಕೇರಳದ ರಾಜೀವ್ ರಾಘವನ್ ಮತ್ತು ಜೊತೆಯವರು ಕೂತು ಓದಿದರು. ಒಟ್ಟು ಮೀನಿನ ಸಂಖ್ಯೆ ಏರುತ್ತಿತ್ತು. ಎಲ್ಲರೂ ಸಂತೋಷಪಡಬೇಕಾದ ಲೆಕ್ಕ. ಆದರೆ ಬಣ್ಣ ಬೇರ್ಪಡಿಸಿ ನೋಡಿದಾಗ ಏರಿದ್ದೆಲ್ಲ ನೀಲಿ ರೆಕ್ಕೆ. ಗೂನು ಮೀನು ವರ್ಷದಿಂದ ವರ್ಷಕ್ಕೆ ಕುಸಿದು, ಸಿಕ್ಕಿದ್ದು ಬೆರಳೆಣಿಕೆ, ಅದೂ ಮುದಿ ಮೀನುಗಳು. ಮರಿ, ಹರೆಯದ ಮೀನು ಕಾಣಿಸುತ್ತಲೇ ಇರಲಿಲ್ಲ. 2018ರಲ್ಲಿ ಪುಣೆಯ ನೀಲೇಶ್ ದಹಾನುಕರ್ ಅವರೂ ಇದ್ದ ತಂಡ ಆ ಮೀನು ಟಾರ್ ರೆಮಾದೇವಿ ಎಂದು ಖಚಿತಪಡಿಸಿತು. ಹೆಸರು ಸಿಕ್ಕಿದ ವರ್ಷವೇ ಅಂತರರಾಷ್ಟ್ರೀಯ ಕೆಂಪುಪಟ್ಟಿಯಲ್ಲಿ ಅದು ತೀವ್ರ ಅಪಾಯದಲ್ಲಿರುವ ಮೀನು ಎಂದು ದಾಖಲಾಯಿತು. ಅದೇ ವರ್ಷ ಖುದ್ರಿಯನ್ನು ಅಪಾಯದ ಪಟ್ಟಿಯಿಂದ ಕೆಳಗಿಳಿಸಲಾಯಿತು.

ಮರಿ ಬಿಟ್ಟದ್ದೊಂದೇ ಕಾರಣ ಎಂದರೆ ಅನ್ಯಾಯವಾದೀತು. ಕಾವೇರಿಗೆ ಕಟ್ಟೆಗಳಾಗಿವೆ, ಮರಳು ತೆಗೆದಿದ್ದಾರೆ, ತೋಟೆ ಹೊಡೆದಿದ್ದಾರೆ. ಸೋತು ಕೂತ ಮೀನಿನ ಮನೆಗೆ ಹೊಸ ಮೀನನ್ನು ಸಾವಿರಗಟ್ಟಲೆ ತಂದು ತುಂಬಿದ್ದು ಅದರ ಮೇಲಿನ ಹೊರೆ. ಯಾರನ್ನೂ ದೂರಲು ನಾನಿದನ್ನು ಬರೆಯುತ್ತಿಲ್ಲ. ಲೋಣಾವಳದವರಿಗೆ, ಬೆಂಗಳೂರಿನವರಿಗೆ ಗೊತ್ತಿರಲಿಲ್ಲ. ನಮಗೆ ಗೊತ್ತಿದೆ, ವ್ಯತ್ಯಾಸ ಅದೊಂದೇ. ಕೊಡಗಿನಿಂದ ಬಂದ ಗೆಳೆಯರಿಗೆ ಈ ನೋವು ಇನ್ನೂ ಹತ್ತಿರದ್ದು, ಕಾವೇರಿ ಹುಟ್ಟುವುದು ಅವರ ಮನೆಯಂಗಳದಲ್ಲಿ.

ಇದಕ್ಕೆ ನೀವು ಕೊಡಬಹುದಾದ ಉತ್ತರ ನನಗೆ ಗೊತ್ತು. ಖುದ್ರಿ ಈ ಸೀಮೆಯದೇ ಅಲ್ಲವೇ, ಲೋಣಾವಳದ ಮರಿಯನ್ನು ಭೋರ್‌ಗೆ ಬಿಟ್ಟರೆ ಮನೆ ಮಗುವನ್ನು ಮನೆಗೆ ತಂದಂತಲ್ಲವೇ ಎಂದು ಕೇಳುತ್ತೀರಿ. ನ್ಯಾಯವಾದ ಪ್ರಶ್ನೆ. ಆದರೆ ಪ್ಲಾಸ್ಟಿಕ್ ಚೀಲದಲ್ಲಿ ಆಮ್ಲಜನಕ ತುಂಬಿಸಿ ತಂದ ಎರಡಂಗುಲದ ಮರಿಗಳನ್ನು ನೋಡಿ ಅವುಗಳ ತಾಯಿಮೀನು ಯಾವ ನದಿಯದು ಎಂದು ಯಾರು ಹೇಳಬಲ್ಲರು? ಹ್ಯಾಚರಿಗಳಲ್ಲಿ ದಶಕಗಳಿಂದ ಬೇರೆ ಬೇರೆ ಕಡೆಯ ಮೀನುಗಳು ಬಂದಿವೆ. ಚೀಲದಲ್ಲಿ ಮಹಶೀರ್ ಜೊತೆ ಇನ್ನಾವ ಮರಿ ನುಸುಳಿದೆ, ಕಿವಿರಿನಲ್ಲಿ ಯಾವ ರೋಗ ಕೂತಿದೆ ಎಂಬುದನ್ನು ಮಾರುವವನೂ ಹೇಳಲಾರ. ಮೇಲಿನ ಹಳ್ಳದಲ್ಲಿ ಉಳಿದಿರುವ ಹತ್ತಾರು ಮೂಲ ಮೀನಿನ ನಡುವೆ ಸಾವಿರ ಮರಿ ಸುರಿದರೆ ಉಳಿಯುವ ರಕ್ತ ಯಾವುದು ಎಂಬುದು ಸರಳ ಲೆಕ್ಕ. ತಾಯಿಮೀನಿನ ಮೂಲ ಪರೀಕ್ಷಿಸಿ, ನದಿಯನ್ನು ವರ್ಷಗಟ್ಟಲೆ ಅಧ್ಯಯನ ಮಾಡಿ, ಮೀನುಗಾರಿಕೆ ಇಲಾಖೆ ಮತ್ತು ವಿಜ್ಞಾನಿಗಳು ಕೂಡಿ ಮಾಡಿದರೆ ಅದು ಬೇರೆ ಮಾತು. ಭಾನುವಾರದ ಮಧ್ಯಾಹ್ನ ಮಾಡುವ ಕೆಲಸ ಅದಲ್ಲ.

ಕೆಳಗಿನ ನೀರಿನಲ್ಲಿ ಏನಾಗಿದೆ ಎಂದು ನೋಡಲು ದೂರ ಹೋಗಬೇಕಿಲ್ಲ. 1952ರಲ್ಲಿ ಆಫ್ರಿಕದ ತಿಲಾಪಿಯ ಭಾರತಕ್ಕೆ ಬಂತು. ಇಲ್ಲಿ ಅದನ್ನು ಚಿಲಾಪಿ ಎನ್ನುತ್ತಾರೆ, ನಮ್ಮಲ್ಲಿ ಜಿಲೇಬಿ. ಉಜನಿಯ ಬಲೆಯಲ್ಲಿ ಇವತ್ತು ತುಂಬಿ ಬರುವುದು ಅದೇ. ಭಿಗವಣದ ಹೋಟೆಲುಗಳಲ್ಲಿ ತಟ್ಟೆಗೆ ಬೀಳುವುದೂ ಅದೇ. ಮೈಯೆಲ್ಲ ಚಿಪ್ಪಿನಂತೆ ಗಟ್ಟಿಯಾದ ಅಕ್ವೇರಿಯಂ ಮೀನೊಂದು, ತೊಟ್ಟಿಯ ಪಾಚಿ ತಿನ್ನಲೆಂದು ತಂದು ಬೇಸರವಾದಾಗ ಯಾರೋ ನೀರಿಗೆಸೆದದ್ದು, ಈಗ ಉಜನಿಯ ಮೀನುಗಾರರ ಬಲೆ ಹರಿಯುತ್ತಿದೆ. ಆಫ್ರಿಕದ ಕ್ಯಾಟ್‌ಫಿಶ್ ಸಾಕಣೆಯನ್ನು 2000ದಲ್ಲೇ ಕೇಂದ್ರ ಸರ್ಕಾರ ನಿಷೇಧಿಸಿದರೂ ಅದು ಹಳ್ಳಕೊಳ್ಳಗಳಲ್ಲಿ ಉಳಿದುಕೊಂಡಿದೆ. ಇವೆಲ್ಲ ಒಮ್ಮೆ ಸೇರಿದ ಮೇಲೆ ಹೊರಗೆ ಹೋಗಿಲ್ಲ. ಭೀಮಾ ತೀರದ ಅಂಬಿಗರ, ಕೋಲಿಗಳ ಮನೆಗಳಲ್ಲಿ ಹಿರಿಯರು ಹೇಳುವ ಮೀನಿನ ಹೆಸರುಗಳಿಗೂ ಮಕ್ಕಳು ಬುಟ್ಟಿಯಲ್ಲಿ ಕಾಣುವ ಮೀನುಗಳಿಗೂ ಸಂಬಂಧವೇ ತಪ್ಪಿಹೋಗುತ್ತಿದೆ.

ಒಂದು ಮಾತು ಇಲ್ಲಿ ಸ್ಪಷ್ಟ ಇರಲಿ. ಜಲಾಶಯಗಳಲ್ಲಿ ಮೀನುಗಾರರ ಸಹಕಾರ ಸಂಘಗಳು ಗುತ್ತಿಗೆ ಹಿಡಿದು ರೋಹು, ಕಾಟ್ಲಾ ಮರಿ ಬಿಡುತ್ತವೆ. ಅದು ಅವರ ಹೊಟ್ಟೆಪಾಡು. ಭೋಯಿ, ಕೋಲಿ ಕುಟುಂಬಗಳ ಜೊತೆಗೆ ಕಟ್ಟೆಗಾಗಿ ಹೊಲ ಕಳೆದುಕೊಂಡವರ ಬದುಕೂ ಆ ನೀರಿನ ಮೇಲಿದೆ. ಅದರ ಬಗ್ಗೆ ತೀರ್ಪು ಕೊಡಲು ನಾನು ಯಾರೂ ಅಲ್ಲ, ನೀವೂ ಅಲ್ಲ. ನಾವು ಹವ್ಯಾಸಕ್ಕೆ ಹೋಗುವವರು. ಅವರ ಗುತ್ತಿಗೆಯ ನೀರಿನಲ್ಲಿ ಗಾಳ ಇಳಿಸುವ ಮುನ್ನ ಸಂಘದವರನ್ನು ಕೇಳುವುದು, ಅವರು ಹೇಳಿದ ಶುಲ್ಕ ಕೊಡುವುದು, ಅವರ ಬಲೆಯ ಹತ್ತಿರ ಸುಳಿಯದಿರುವುದು ಕನಿಷ್ಠ ಮರ್ಯಾದೆ. ಇದನ್ನು ಪಾಲಿಸದವರು ನಿಮ್ಮಲ್ಲೂ ಇದ್ದಾರೆ ಎಂದು ದಂಡೆಯ ಜನ ಹೇಳುವುದನ್ನು ಕೇಳಿ ನನಗೆ ನಾಚಿಕೆಯಾಗಿದೆ.

ಇನ್ನು ಮಳೆಗಾಲದ ಮಾತು. ಮಲೆನಾಡಿನವರಿಗೆ ಹತ್ತುಮೀನು ಗೊತ್ತು. ಮೊದಲ ಜೋರು ಮಳೆಗೆ ಹೊಳೆಯ ಮೀನು ಹಳ್ಳ ಹತ್ತಿ, ಗದ್ದೆಯ ಬದು ಹಾರಿ ಮೇಲೇರುತ್ತದೆ. ಭೋರ್‌ನ ಪಶ್ಚಿಮದಲ್ಲೂ ಹಾಗೆಯೇ, ಮಾವಳದ ಜನ ಅದನ್ನು ವಲಗಣ ಎನ್ನುತ್ತಾರೆ. ಇಂದ್ರಾಯಣಿ, ಅಂಬೆಮೋಹರ ಬತ್ತದ ಗದ್ದೆಗಳಲ್ಲಿ ಕೆಂಪು ನೀರು ಒಂದು ಬದುವಿನಿಂದ ಇನ್ನೊಂದಕ್ಕೆ ಧುಮುಕುತ್ತಿರುವಾಗ ಆ ಪುಟ್ಟ ಧಾರೆಗೆ ಎದುರಾಗಿ ಬೆರಳುದ್ದದ ಮೀನುಗಳು ಮತ್ತೆ ಮತ್ತೆ ಹಾರುತ್ತವೆ. ಹೊಟ್ಟೆ ಉಬ್ಬಿರುತ್ತದೆ, ಒತ್ತಿದರೆ ಸಾಕು ಮೊಟ್ಟೆ ಜಾರಿ ಬರುತ್ತದೆ. ಊರಿನ ಅಜ್ಜಿಯೊಬ್ಬಳು ಒಂದು ಸಾರಿಗೆ ಆಗುವಷ್ಟು ಕೂಳಿಯಲ್ಲಿ ಹಿಡಿದರೆ ಹಳ್ಳಕ್ಕೇನೂ ಆಗದು, ತಲೆಮಾರುಗಳಿಂದ ಆಗಿಲ್ಲ. ಪುಣೆಯಿಂದ ಹತ್ತು ಕಾರು ಹೋಗಿ, ಸೊಳ್ಳೆಪರದೆಯಂಥ ಬಲೆ ಅಡ್ಡಹಿಡಿದು, ವಿಡಿಯೋ ಮಾಡಿ ಹಾಕಿ, ಮರುವಾರ ಐವತ್ತು ಕಾರು ಬಂದರೆ ಆಗುತ್ತದೆ. ಸಮುದ್ರಕ್ಕೆ ಜೂನ್ 1ರಿಂದ ಜುಲೈ 31ರವರೆಗೆ 61 ದಿನ ಯಾಂತ್ರೀಕೃತ ದೋಣಿಗಳಿಗೆ ರಜೆ ಇದೆ. ಮಲ್ಪೆ, ಮಂಗಳೂರಿನ ದಕ್ಕೆಗಳಲ್ಲಿ ಸಾಲುಸಾಲು ದೋಣಿ ಕಟ್ಟಿಹಾಕಿ ಆ ದಿನಗಳಲ್ಲಿ ಬಲೆ ಹೆಣೆಯುತ್ತಾರೆ. ಹೊಟ್ಟೆಪಾಡಿಗೆ ಹೋಗುವವರೇ ಎರಡು ತಿಂಗಳು ಕೈಕಟ್ಟಿ ಕೂರಬಲ್ಲರಾದರೆ ಹವ್ಯಾಸಕ್ಕೆ ಹೋಗುವ ನಮಗೆ ಕಷ್ಟವೇನು? ಜೂನ್ ಮತ್ತು ಜುಲೈನಲ್ಲಿ ಭೋರ್‌ನ ಹಳ್ಳಗಳಿಗೆ ಗಾಳ, ಬಲೆ ಯಾವುದನ್ನೂ ಒಯ್ಯುವುದಿಲ್ಲ ಎಂದು ನಿಮ್ಮ ಗುಂಪಿನಲ್ಲೇ ಒಂದು ಕಟ್ಟುಪಾಡು ಮಾಡಿಕೊಳ್ಳಿ.

ಬೇಸಿಗೆಯ ಮಡುಗಳಿಗೆ ಬ್ಲೀಚಿಂಗ್ ಪೌಡರ್ ಸುರಿದು, ತಂತಿ ಇಳಿಸಿ ಕರೆಂಟು ಹಾಯಿಸಿ ಹಿಡಿಯುವವರು ಕಂಡರೆ ಸುಮ್ಮನಿರಬೇಡಿ. ನೀರಿಗೆ ವಿಷ ಹಾಕುವುದು, ಸಿಡಿಮದ್ದು ಎಸೆಯುವುದು 1897ರ ಮೀನುಗಾರಿಕೆ ಕಾಯಿದೆಯ ಕಾಲದಿಂದಲೂ ಅಪರಾಧ. ನೀವೇ ಜಗಳಕ್ಕೆ ಹೋಗಬೇಡಿ, ಊರಿನ ಪೊಲೀಸ್ ಪಾಟೀಲರಿಗೆ ತಿಳಿಸಿ. ದಕ್ಷಿಣ ಕನ್ನಡದ ಶಿಶಿಲದಲ್ಲಿ ಶಿಶಿಲೇಶ್ವರನ ಮುಂದೆ ಭಕ್ತರ ಕೈಯಿಂದ ಅಕ್ಕಿ ತಿನ್ನುತ್ತಿದ್ದ ಸಾವಿರಾರು ದೇವರ ಮೀನುಗಳು 1996ರಲ್ಲಿ ವಿಷಕ್ಕೆ ಸತ್ತು ತೇಲಿದವು. ದೇವರ ಹೆಸರೂ ಅವನ್ನು ಉಳಿಸಲಿಲ್ಲ. ಮುಂದಿನ ವರ್ಷಗಳಲ್ಲಿ ಆ ಮಡು ಮತ್ತೆ ತುಂಬಿದ್ದು ಹೊಳೆ ಹರಿಯುತ್ತಿದ್ದುದರಿಂದ, ಊರಿನವರು ಕಾವಲು ಬಿಡದಿದ್ದುದರಿಂದ. ಶೃಂಗೇರಿಯ ತುಂಗೆಯಲ್ಲಿ, ತೀರ್ಥಹಳ್ಳಿ ಹತ್ತಿರದ ಛಿಪ್ಪಲಗುಡ್ಡೆಯಲ್ಲಿ, ರಾಮನಾಥಪುರದ ಕಾವೇರಿಯಲ್ಲಿ ಮೀನು ಉಳಿದಿರುವುದೂ ಹೀಗೇ. ಭೋರ್‌ನಿಂದ ವರಂಧ ಘಾಟಿಯಿಳಿದರೆ ಮಹಾಡ್ ತಾಲೂಕಿನ ವಾಳಣಕೊಂಡದಲ್ಲಿ ವರದಾಯಿನಿ ದೇವಿಯ ಮಡುವಿದೆ. ಕಾಳ ನದಿಯ ಆ ಮಡುವಿನಲ್ಲಿ ಮಹಶೀರ್‌ಗಳು ಗುಂಪುಗುಂಪಾಗಿ ಇವೆ, ಊರಿನವರು ಯಾರೂ ಹಿಡಿಯುವುದಿಲ್ಲ, ಹಿಡಿಯಲು ಬಿಡುವುದೂ ಇಲ್ಲ. ಅಲ್ಲಿಗೆ ಒಮ್ಮೆ ಹೋಗಿ ಬನ್ನಿ. ಗಾಳ ಮನೆಯಲ್ಲಿಟ್ಟು ಹೋಗಿ.

ನೀವು ಮರಿಗೆಂದು ಕೂಡಿಸಿದ ಹಣವನ್ನು ಏನು ಮಾಡಬೇಕು ಎಂದು ಕೇಳುತ್ತೀರಿ. ಕಾವೇರಿಯ ಕಥೆ ಜಗತ್ತಿಗೆ ಗೊತ್ತಾದದ್ದು ಗಾಳಗಾರರು ಬರೆದಿಟ್ಟ ಪುಸ್ತಕದಿಂದ ಎಂಬುದನ್ನು ಇನ್ನೊಮ್ಮೆ ನೆನಪಿಸುತ್ತೇನೆ. ಅಂಥದೊಂದು ಪುಸ್ತಕ ನೀರೆಯ ಮೇಲುಭಾಗಕ್ಕೆ ಬೇಕು. ಆಗಸ್ಟ್ ಆದ ಮೇಲೆ ನೀವು ಹೋದಾಗಲೆಲ್ಲ ಹಿಡಿದ ಪ್ರತಿ ಮೀನಿನ ಜಾತಿ, ಉದ್ದ, ತಾರೀಖು, ಜಾಗ ಬರೆಯಿರಿ. ಗೊತ್ತಿಲ್ಲದ ಮೀನಾದರೆ ಈಜುರೆಕ್ಕೆ ಬಿಚ್ಚಿರುವಂತೆ ಪಕ್ಕದಿಂದ ಒಂದು ಫೋಟೋ ತೆಗೆದು, ಒದ್ದೆ ಕೈಯಲ್ಲೇ ಹಿಡಿದು, ನಿಮಿಷದೊಳಗೆ ನೀರಿಗೆ ಬಿಡಿ. ಒಣ ಕೈ ತಾಗಿದರೆ ಮೈಯ ಲೋಳೆ ಕಿತ್ತುಬಂದು ಮೀನಿಗೆ ಗಾಯವಾಗುತ್ತದೆ. ಚಿಲಾಪಿ ಎಷ್ಟು ಬಂತು, ಖುದ್ರಿ, ಕೋಲುಸ್ ಎಷ್ಟು ಬಂತು ಎಂಬುದು ಮೂರು ನಾಲ್ಕು ವರ್ಷದಲ್ಲಿ ತಾನಾಗಿ ಕಾಣುತ್ತದೆ. ಏನೂ ಸಿಗದ ದಿನವನ್ನೂ ಬರೆಯಿರಿ, ವಿಜ್ಞಾನಿಗಳಿಗೆ ಆ ಖಾಲಿ ಪುಟವೂ ಬೇಕು. ಪುಣೆಯ ಕಾಲೇಜುಗಳಲ್ಲಿ ಮೀನುಗಳನ್ನು ಬಲ್ಲ ಪ್ರಾಧ್ಯಾಪಕರಿದ್ದಾರೆ, ಅವರಿಗೆ ತೋರಿಸಿ. ದಂಡೆಯ ಹಿರಿಯ ಮೀನುಗಾರರನ್ನು ಕೂರಿಸಿಕೊಂಡು ಹಿಂದೆ ಯಾವ ಮೀನು ಎಲ್ಲಿ ಸಿಗುತ್ತಿತ್ತು ಎಂದು ಮರಾಠಿಯಲ್ಲೇ ಬರೆದುಕೊಳ್ಳಿ. ಆ ಹಣದಲ್ಲಿ ಅವರ ಸಮಯಕ್ಕೆ ಸಲ್ಲಬೇಕಾದದ್ದು ಸಲ್ಲಲಿ.

ಹರಿದ ನೈಲಾನ್ ದಾರವನ್ನು ದಂಡೆಯಲ್ಲಿ ಬಿಡಬೇಡಿ. ಬೇಸಿಗೆಯಲ್ಲಿ ನೀರಿಳಿದ ಬಯಲಿನಲ್ಲಿ ಟಿಟ್ಟಿಭಗಳು ಬರಿನೆಲದ ಮೇಲೆ ಮೊಟ್ಟೆ ಇಡುತ್ತವೆ, ಅವುಗಳ ಕಾಲಿಗೆ ಅದು ಸುತ್ತುತ್ತದೆ. ಕಾಂಬರೇಶ್ವರದ ಕಲ್ಲುಗಳ ಮೇಲೆ ಹತ್ತಿ ಗಾಳ ಹಾಕಬೇಡಿ, ಸಡಿಲವಾದ ಕಲ್ಲು ಉರುಳಿದರೆ ಮತ್ತೆ ಕೂರಿಸುವವರಿಲ್ಲ.

ಮೀನುಮರಿಯ ವಿಷಯ ತೀರ್ಮಾನಿಸಲು ನೀವು ಸೇರುವ ದಿನ ನನಗೂ ತಿಳಿಸಿ. ಬಂದು ಇದನ್ನೇ ಎದುರು ಕೂತು ಹೇಳುತ್ತೇನೆ, ನಿಮ್ಮ ಮಾತನ್ನೂ ಕೇಳುತ್ತೇನೆ. ಮರಿಗೆ ಮುಂಗಡ ಕೊಟ್ಟಿದ್ದರೆ ಈ ವಾರವೇ ರದ್ದು ಮಾಡಿ. ಮೃಗಶಿರಾ ಮಳೆ ಹತ್ತಿರ ಬಂತು.

ಇಂತಿ,
ಪುಣೆಯಲ್ಲಿ ನೆಲೆಸಿರುವ ಭೀಮಾ ತೀರದ ಕನ್ನಡಿಗ